ಸೋಡಿಯಂ ಬೋರೋಹೈಡ್ರೈಡ್: ಡಬ್ಬಿ ತೆರೆಯುವುದರಿಂದ ತ್ಯಾಜ್ಯದ ಬಾಟಲಿವರೆಗೆ

ತುಮಕೂರಿನಲ್ಲಿ ಎಂಎಸ್ಸಿ ಮಕ್ಕಳಿಗೆ ಆರ್ಗ್ಯಾನಿಕ್ ಪ್ರಾಕ್ಟಿಕಲ್ ಮಾಡಿಸುತ್ತಾ ಬಂದಿದ್ದೇನೆ. ಅಲ್ಲಿ ಆಲ್ಡಿಹೈಡ್, ಕೀಟೋನ್‌ಗಳನ್ನು ಆಲ್ಕೋಹಾಲ್ ಮಾಡಲು ಬಳಸುವ ಪುಡಿಯೇ ಸೋಡಿಯಂ ಬೋರೋಹೈಡ್ರೈಡ್. ಅದರ ಬಗ್ಗೆ ಪ್ರತಿ ವರ್ಷ ಒಂದು ಪ್ರಶ್ನೆ ತಪ್ಪದೆ ಬರುತ್ತದೆ. "ಮೇಡಂ, ಬೋರೋಹೈಡ್ರೈಡ್ ಮೈಲ್ಡ್ ಅಲ್ವಾ? ಮತ್ತೆ ಇಷ್ಟೊಂದು ಎಚ್ಚರಿಕೆ ಯಾಕೆ?"

ಮೈಲ್ಡ್ ಅನ್ನುವುದು ನಿಜ. ಆದರೆ ಆ ಮಾತು ಅದು ಯಾವ ಅಣುವನ್ನು ಮುಟ್ಟುತ್ತದೆ, ಯಾವುದನ್ನು ಬಿಡುತ್ತದೆ ಅನ್ನುವುದಕ್ಕೆ ಮಾತ್ರ. ಆಮ್ಲ ಬಿದ್ದಾಗ ಅದೇ ಪುಡಿ ಭರಭರನೆ ಹೈಡ್ರೋಜನ್ ಬಿಡುತ್ತದೆ. ನಾನು ನೋಡಿದ ತಪ್ಪುಗಳಲ್ಲಿ ಮುಕ್ಕಾಲು ಪಾಲು ನಡೆದದ್ದು ರಿಯಾಕ್ಷನ್ ನಡೆಯುವಾಗ ಅಲ್ಲ, ಎಲ್ಲ ಮುಗಿಯಿತು ಅಂದುಕೊಂಡ ಮೇಲೆ. ಅದಕ್ಕೇ ಈ ಬರಹದಲ್ಲಿ ಕೊನೆಯ ಹಂತಗಳಿಗೆ ಜಾಸ್ತಿ ಜಾಗ ಕೊಟ್ಟಿದ್ದೇನೆ. ಕೋಲಾರ, ಚಿಕ್ಕಬಳ್ಳಾಪುರ, ತುಮಕೂರಿನ ಕಾಲೇಜುಗಳಲ್ಲಿ ಸಾಮಾನ್ಯವಾಗಿ ಸಿಗುವ ಸಲಕರಣೆಯಲ್ಲೇ ಮಾಡಬಹುದಾದದ್ದನ್ನು ಆರಿಸಿದ್ದೇನೆ. ಆದರೆ ಇದೆಲ್ಲ ಲ್ಯಾಬ್‌ನ ಒಳಗೆ, ಮೇಷ್ಟ್ರು ಅಥವಾ ಮೇಡಂ ಎದುರಿಗಿದ್ದಾಗ ಮಾಡುವ ಕೆಲಸ. ಮನೆಯಲ್ಲಿ ಬೇಡ.

ಈ ಪುಡಿ ಮಾಡುವ ಕೆಲಸ ಏನು?

ನಡುವೆ ಒಂದು ಬೋರಾನ್. ಅದರ ಸುತ್ತ ನಾಲ್ಕು ಹೈಡ್ರೋಜನ್. ಈ ಗುಂಪಿಗೆ ಒಂದು ಋಣ ವಿದ್ಯುದಂಶ. ಪಕ್ಕದಲ್ಲಿ ಸೋಡಿಯಂ. ಅಷ್ಟೇ.

ಇಲ್ಲಿನ ಹೈಡ್ರೋಜನ್ ಹೊರಡುವಾಗ ಎರಡು ಎಲೆಕ್ಟ್ರಾನ್‌ಗಳನ್ನೂ ಜೊತೆಗೆ ಒಯ್ಯುತ್ತದೆ. ಅದನ್ನೇ ಹೈಡ್ರೈಡ್ ಅನ್ನುತ್ತೇವೆ. ಆಲ್ಡಿಹೈಡ್, ಕೀಟೋನ್‌ಗಳಲ್ಲಿ ಆಮ್ಲಜನಕಕ್ಕೆ ಅಂಟಿಕೊಂಡಿರುವ ಕಾರ್ಬನ್‌ಗೆ ಎಲೆಕ್ಟ್ರಾನ್ ಕೊರತೆ ಇರುತ್ತದೆ (ಈ ಕಾರ್ಬನ್-ಆಮ್ಲಜನಕ ಜೋಡಿಗೆ ಕಾರ್ಬೊನಿಲ್ ಅಂತ ಹೆಸರು). ಹೈಡ್ರೈಡ್ ನೇರವಾಗಿ ಅಲ್ಲಿಗೇ ಹೋಗಿ ಸೇರುತ್ತದೆ. ಆಮೇಲೆ ಆಮ್ಲಜನಕಕ್ಕೆ ನೀರಿನಿಂದಲೋ ಆಲ್ಕೋಹಾಲ್‌ನಿಂದಲೋ ಒಂದು ಪ್ರೋಟಾನ್ ಸಿಗುತ್ತದೆ. ಆಲ್ಡಿಹೈಡ್ ಹೋಗಿ ಆಲ್ಕೋಹಾಲ್ ಆಯಿತು.

ಒಂದು ಕಣದಲ್ಲಿ ನಾಲ್ಕು ಹೈಡ್ರೈಡ್ ಇರುವುದರಿಂದ ಒಂದು ಮೋಲ್ ಬೋರೋಹೈಡ್ರೈಡ್ ಲೆಕ್ಕದ ಪ್ರಕಾರ ನಾಲ್ಕು ಮೋಲ್ ಕೀಟೋನ್‌ಗೆ ಸಾಕು. ಬುತ್ತಿಯಲ್ಲಿ ನಾಲ್ಕು ಮುದ್ದೆ ಕಟ್ಟಿಕೊಂಡು ಹೊಲಕ್ಕೆ ಹೋದ ಹಾಗೆ, ನಾಲ್ಕು ಜನಕ್ಕೆ ಊಟ. ಆದರೆ ದಾರಿಯಲ್ಲಿ ದ್ರಾವಕವೂ ಒಂದೆರಡು ಮುದ್ದೆ ತಿಂದುಬಿಡುತ್ತದೆ. ಅದಕ್ಕೇ ಯಾವಾಗಲೂ ಲೆಕ್ಕಕ್ಕಿಂತ ಜಾಸ್ತಿ ತೂಗುತ್ತೇವೆ. ಉಳಿದ ಮುದ್ದೆಗಳನ್ನು ಕೊನೆಯಲ್ಲಿ ಏನು ಮಾಡುತ್ತೀರಿ ಅನ್ನುವುದೇ ಮುಂದೆ ಬರುವ ದೊಡ್ಡ ವಿಷಯ.

ಈ ಗುಣ ಪತ್ತೆಯಾದ ಬಗೆ ನನಗೆ ತುಂಬಾ ಇಷ್ಟ. ಎರಡನೇ ಮಹಾಯುದ್ಧದ ಕಾಲ. ಷಿಕಾಗೋ ವಿಶ್ವವಿದ್ಯಾಲಯದಲ್ಲಿ ಷ್ಲೆಸಿಂಗರ್ ಮತ್ತು ಅವರ ಶಿಷ್ಯ ಹರ್ಬರ್ಟ್ ಬ್ರೌನ್ ಸುಲಭವಾಗಿ ಆವಿಯಾಗುವ ಯುರೇನಿಯಂ ಸಂಯುಕ್ತ ಹುಡುಕುತ್ತಿದ್ದರು. ಆ ಹುಡುಕಾಟದಲ್ಲೇ ಬೋರೋಹೈಡ್ರೈಡ್‌ಗಳನ್ನು ಸುಲಭವಾಗಿ ತಯಾರಿಸುವ ದಾರಿ ಸಿಕ್ಕಿತು. ಆಮೇಲೆ ಸೇನೆಯವರಿಗೆ ಬಯಲಿನಲ್ಲೇ ಹೈಡ್ರೋಜನ್ ತಯಾರಿಸುವ ಪುಡಿ ಬೇಕಾಯಿತು. ಸೋಡಿಯಂ ಬೋರೋಹೈಡ್ರೈಡನ್ನು ಶುದ್ಧ ಮಾಡಲು ಒಂದೊಂದೇ ದ್ರಾವಕ ಹಾಕಿ ನೋಡುತ್ತಿದ್ದರು. ಅಸಿಟೋನ್ ಹಾಕಿದಾಗ ಅದು ಸುಮ್ನೆ ಕರಗಲಿಲ್ಲ, ಜೋರಾಗಿ ವರ್ತಿಸಿ ಐಸೋಪ್ರೊಪೈಲ್ ಆಲ್ಕೋಹಾಲ್ ಆಗಿಬಿಟ್ಟಿತು. ದ್ರಾವಕ ಹುಡುಕಲು ಹೋದವರಿಗೆ ಹೊಸ ರಿಯಾಕ್ಷನ್ನೇ ಸಿಕ್ಕಿತು. ಬೋರಾನ್ ಸಂಯುಕ್ತಗಳ ಕೆಲಸಕ್ಕಾಗಿ ಬ್ರೌನ್‌ಗೆ 1979ರಲ್ಲಿ ನೊಬೆಲ್ ಬಂತು, ಗೆಯೋರ್ಗ್ ವಿಟಿಗ್ ಜೊತೆಗೆ ಹಂಚಿಕೆಯಾಗಿ. ಬ್ರೌನ್ ಬೋರಾನ್ ಕಡೆ ತಿರುಗಿದ್ದು 1936ರಲ್ಲಿ, ಮುಂದೆ ಮಡದಿಯಾದ ಸಾರಾ ಅವರು ಎರಡು ಡಾಲರ್ ಚಿಲ್ಲರೆಗೆ ಕೊಂಡು ಉಡುಗೊರೆ ಕೊಟ್ಟ ಒಂದು ಪುಸ್ತಕದಿಂದ.

ಅಸಿಟೋನ್ ವಿಷಯ ನೆನಪಿಟ್ಟುಕೊಳ್ಳಿ. ಕೊನೆಯಲ್ಲಿ ಕೆಲಸಕ್ಕೆ ಬರುತ್ತದೆ.

ಡಬ್ಬಿ ತೆರೆಯುವ ಮೊದಲು

ಬಿಳಿ ಪುಡಿ. ಗಾಳಿಯ ತೇವ ಹೀರಿ ಗಂಟು ಕಟ್ಟುತ್ತದೆ. ನಮ್ಮ ಕಡೆ ಸೆಪ್ಟೆಂಬರ್, ಅಕ್ಟೋಬರ್ ಮಳೆಯ ದಿನಗಳಲ್ಲಿ ಮುಚ್ಚಳ ಹತ್ತು ನಿಮಿಷ ತೆರೆದಿಟ್ಟರೂ ಸಾಕು, ಮೇಲಿನ ಪದರ ಅಂಟಂಟಾಗುತ್ತದೆ. ಹಾಗಾಗಿ ಮೊದಲು ತಕ್ಕಡಿ, ವಾಚ್ ಗ್ಲಾಸ್, ಒಣ ಸ್ಪ್ಯಾಟುಲಾ ಎಲ್ಲ ಸಿದ್ಧ ಮಾಡಿಕೊಳ್ಳಿ. ಆಮೇಲೆ ಡಬ್ಬಿ ತೆರೆಯಿರಿ, ತೂಗಿ, ಮುಚ್ಚಿ. ತೂಗಿದ್ದನ್ನು ಬೇರೆ ಬೇರೆ ಒಣ ವಯಲ್‌ಗಳಿಗೆ ಹಾಕಿ ಮುಚ್ಚಿದರೆ ಇಡೀ ಬ್ಯಾಚ್‌ಗೆ ಡಬ್ಬಿ ಒಂದೇ ಸಲ ತೆರೆದರಾಯಿತು. ಡಬ್ಬಿಯನ್ನು ಸಿಲಿಕಾ ಜೆಲ್ ಇರುವ ಡೆಸಿಕೇಟರ್‌ನಲ್ಲಿ (ಒಳಗೆ ತೇವ ಸೇರದ ಮುಚ್ಚಳದ ಪಾತ್ರೆ) ಇಡಿ. ಮುಚ್ಚಳದ ಮೇಲೆ ಮೊದಲು ತೆರೆದ ದಿನಾಂಕ ಬರೆಯಿರಿ. ಆಮ್ಲದ ಬಾಟಲಿಗಳ ಕಪಾಟಿನಲ್ಲಂತೂ ಇಡಲೇಬೇಡಿ.

ಇದು ಚರ್ಮ, ಕಣ್ಣು ಸುಡುತ್ತದೆ. ನುಂಗಿದರೆ ವಿಷ. ಕನ್ನಡಕ, ಕೈಗವಸು, ಹತ್ತಿಯ ಕೋಟು ಇರಲಿ. ಫ್ಯೂಮ್ ಹುಡ್ ಇದ್ದರೆ ಅದರಲ್ಲೇ ಮಾಡಿ. ಇಲ್ಲದಿದ್ದರೆ ಕಿಟಕಿಗಳೆಲ್ಲ ತೆರೆದಿರಬೇಕು, ಪ್ರಮಾಣ ಚಿಕ್ಕದಿರಬೇಕು.

ಮುಖ್ಯವಾದದ್ದು ಬರ್ನರ್. ಡಿಗ್ರಿ ಲ್ಯಾಬ್‌ಗಳಲ್ಲಿ ಒಂದು ಮೇಜಿನಲ್ಲಿ ಸಾಲ್ಟ್ ಅನಾಲಿಸಿಸ್ ನಡೆಯುತ್ತಿರುತ್ತದೆ, ಪಕ್ಕದ ಮೇಜಿನಲ್ಲಿ ಇದು. ಗಾಳಿಯಲ್ಲಿ ಶೇಕಡಾ 4ರಿಂದ 75ರವರೆಗೆ ಹೈಡ್ರೋಜನ್ ಇದ್ದರೆ ಕಿಡಿ ತಾಗಿದೊಡನೆ ಹತ್ತಿಕೊಳ್ಳುತ್ತದೆ. ಅಷ್ಟು ಅಗಲದ ವ್ಯಾಪ್ತಿ ಬೇರೆ ಅನಿಲಗಳಲ್ಲಿ ಅಪರೂಪ. ಬೋರೋಹೈಡ್ರೈಡ್ ಇರುವ ದಿನ ಆ ಕೋಣೆಯಲ್ಲಿ ಒಂದೂ ಬರ್ನರ್ ಉರಿಯಬಾರದು.

ಪುಡಿಗೆ ಬೆಂಕಿ ಹತ್ತಿದರೆ ನೀರು ಹಾಕಬೇಡಿ. ಕಾರ್ಬನ್ ಡೈಆಕ್ಸೈಡ್ ಸಿಲಿಂಡರೂ ಬೇಡ. ಒಂದು ಬಕೆಟ್ ಒಣ ಮರಳು ಹತ್ತಿರ ಇರಲಿ. ಒಣ ಅಂದರೆ ನಿಜಕ್ಕೂ ಒಣ. ಅಂಗಳದಿಂದ ತುಂಬಿ ತಂದ ಒದ್ದೆ ಮರಳು ಕೆಲಸ ಕೆಡಿಸುತ್ತದೆ.

ಇನ್ನೊಂದು ಮಾತು. ಡಿಎಂಎಫ್ ಅನ್ನುವ ದ್ರಾವಕದಲ್ಲಿ ಇದನ್ನು ಕರಗಿಸಿಡಬೇಡಿ. ಸ್ವಲ್ಪ ಹೊತ್ತು ಶಾಂತವಾಗಿದ್ದು ಆಮೇಲೆ ಹಿಡಿತ ತಪ್ಪಿ ಬಿಸಿಯಾದ ಘಟನೆಗಳು ದಾಖಲಾಗಿವೆ. ಕೋಬಾಲ್ಟ್, ನಿಕ್ಕೆಲ್, ಪಲ್ಲಾಡಿಯಂ ಇರುವ ದ್ರಾವಣಗಳಿಗೂ ಇದನ್ನು ಸುರಿಯಬೇಡಿ, ಅವು ಹೈಡ್ರೋಜನ್ ಬಿಡುಗಡೆಗೆ ವೇಗ ಕೊಡುತ್ತವೆ.

ಹಳೇ ಪುಡಿ ಬದುಕಿದೆಯಾ? ನೋಡುವ ವಿಧಾನ

ಬೆಂಗಳೂರಿನಿಂದ ತರಿಸಿದ ಡಬ್ಬಿ ಮೂರು ವರ್ಷ ಕಪಾಟಿನಲ್ಲಿ ಇರುವುದು ನಮ್ಮಲ್ಲಿ ಮಾಮೂಲು. ಅದನ್ನು ನಂಬಿ ಪ್ರಯೋಗ ಶುರು ಮಾಡಿದರೆ ಒಂದು ದಿನ ಹಾಳು. ಮೊದಲು ಪರೀಕ್ಷೆ ಮಾಡಿ.

ಸುಲಭದ ದಾರಿ: ಚಿಟಿಕೆ ಪುಡಿಯನ್ನು ಒಂದು ಮಿ.ಲೀ. ಮೆಥನಾಲ್‌ಗೆ ಹಾಕಿ. ಚೆನ್ನಾಗಿ ನೊರೆ ಬಂದರೆ ಜೀವ ಇದೆ. ಸಪ್ಪೆಯಾಗಿದ್ದರೆ ಬಹುಪಾಲು ಬೋರೇಟ್ (ಹೈಡ್ರೈಡ್ ಕಳೆದುಕೊಂಡ ಬೋರಾನ್ ಲವಣ) ಆಗಿಹೋಗಿದೆ.

ಆದರೆ ಅಳತೆ ಸಿಗುವ ದಾರಿಯೇ ನನಗೆ ಇಷ್ಟ. ಒಂದು ಕೋನಿಕಲ್ ಫ್ಲಾಸ್ಕ್‌ನಲ್ಲಿ 20 ಮಿ.ಲೀ. ದುರ್ಬಲ ಹೈಡ್ರೋಕ್ಲೋರಿಕ್ ಆಮ್ಲ ತೆಗೆದುಕೊಳ್ಳಿ. ಒಂದು ಚಿಕ್ಕ ಒಣ ಟ್ಯೂಬಿನಲ್ಲಿ 0.030 ಗ್ರಾಂ ಪುಡಿ ಹಾಕಿ ಫ್ಲಾಸ್ಕ್ ಒಳಗೆ ನೆಟ್ಟಗೆ ನಿಲ್ಲಿಸಿ. ಕಾರ್ಕ್ ಹಾಕಿ. ಅದರಿಂದ ಬರುವ ರಬ್ಬರ್ ಕೊಳವೆಯ ತುದಿಯನ್ನು ನೀರು ತುಂಬಿ ಬೋರಲು ಹಾಕಿದ 100 ಮಿ.ಲೀ. ಅಳತೆ ಜಾಡಿಯ ಕೆಳಗಿಡಿ. ಕೊಳವೆ ಎಲ್ಲೂ ಮಡಚಿಕೊಂಡಿಲ್ಲ ಅಂತ ಖಾತ್ರಿ ಮಾಡಿಕೊಂಡು ಫ್ಲಾಸ್ಕ್ ಓರೆ ಮಾಡಿ. ಟ್ಯೂಬು ಬಿದ್ದು ಗ್ಯಾಸ್ ಬರುತ್ತದೆ. ಪೂರ್ತಿ ನಿಂತ ಮೇಲೆ ಜಾಡಿಯ ಒಳಗಿನ, ಹೊರಗಿನ ನೀರಿನ ಮಟ್ಟ ಒಂದೇ ಮಾಡಿ ಓದಿ.

ಪುಸ್ತಕದ ಲೆಕ್ಕ ಹೀಗೆ. ಒಂದು ಮೋಲ್ ಅಂದರೆ 37.83 ಗ್ರಾಂ ಪುಡಿ ನಾಲ್ಕು ಮೋಲ್ ಹೈಡ್ರೋಜನ್ ಕೊಡುತ್ತದೆ. ಒಂದು ಅಟ್ಮಾಸ್ಫಿಯರ್, 25 ಡಿಗ್ರಿಯಲ್ಲಿ 0.030 ಗ್ರಾಂಗೆ ಸುಮಾರು 78 ಮಿ.ಲೀ. ಬರಬೇಕು. ಒಂದು ವರ್ಷ ಒಬ್ಬ ಹುಡುಗ ಹೊಸ ಡಬ್ಬಿಯಿಂದ ಮಾಡಿ 87 ಬಂತು ಅಂತ ಗಾಬರಿಯಾಗಿ ಬಂದ. ಅವನ ಕೆಲಸ ಸರಿಯಾಗೇ ಇತ್ತು. ನಾವಿರುವುದು ಸಮುದ್ರ ಮಟ್ಟದಲ್ಲಲ್ಲ ಅಲ್ವಾ? ತುಮಕೂರು ಸುಮಾರು 800 ಮೀಟರ್ ಎತ್ತರದಲ್ಲಿದೆ. ಕೋಲಾರ, ಚಿಕ್ಕಬಳ್ಳಾಪುರ ಇನ್ನೂ ಸ್ವಲ್ಪ ಮೇಲೆ. ಇಲ್ಲಿ ಗಾಳಿಯ ಒತ್ತಡ ಸುಮಾರು ಹತ್ತನೇ ಒಂದು ಪಾಲು ಕಡಿಮೆ, ಹಾಗಾಗಿ ಗ್ಯಾಸ್ ಅಷ್ಟು ಹಿಗ್ಗುತ್ತದೆ. ನೀರಿನ ಮೇಲೆ ಹಿಡಿದದ್ದರಿಂದ ನೀರಾವಿಯೂ ಮೂರು ಮಿ.ಲೀ.ಯಷ್ಟು ಸೇರುತ್ತದೆ. ನಮ್ಮ ಊರುಗಳಲ್ಲಿ 85ರಿಂದ 90 ಬಂದರೆ ಪುಡಿ ಚೆನ್ನಾಗಿದೆ. 60 ಬಂದರೆ ಮೂರರಲ್ಲಿ ಎರಡು ಪಾಲು ಮಾತ್ರ ಉಳಿದಿದೆ, ಅದಕ್ಕೆ ತಕ್ಕ ಹಾಗೆ ಜಾಸ್ತಿ ತೂಗಿ. 40ಕ್ಕಿಂತ ಕಡಿಮೆಯಾದರೆ ಹೊಸದು ತರಿಸಿ.

ಮುಖ್ಯ ಪ್ರಯೋಗ: ವೆನಿಲಿನ್‌ನಿಂದ ವೆನಿಲೈಲ್ ಆಲ್ಕೋಹಾಲ್

ಐಸ್‌ಕ್ರೀಮ್‌ನ ವೆನಿಲಾ ಘಮಕ್ಕೆ ಕಾರಣವಾದ ವೆನಿಲಿನ್ ಒಂದು ಆಲ್ಡಿಹೈಡ್. ಇದನ್ನು ಆರಿಸಿದ್ದಕ್ಕೆ ಕಾರಣಗಳಿವೆ. ಬೆಲೆ ಕಡಿಮೆ. ಆರ್ಗ್ಯಾನಿಕ್ ದ್ರಾವಕವೇ ಬೇಡ, ನೀರಿನಲ್ಲೇ ನಡೆಯುತ್ತದೆ. ಅಬ್ಸಲ್ಯೂಟ್ ಆಲ್ಕೋಹಾಲ್ ಬೇಕಾದರೆ ಅಬಕಾರಿ ಪರವಾನಗಿ ಬೇಕು, ಅದಿಲ್ಲದ ಕಾಲೇಜುಗಳಿಗೆ ಇದು ವರ. ಜೊತೆಗೆ ಬಣ್ಣ ತೆಳುವಾಗುವುದು ಕಣ್ಣಿಗೆ ಕಾಣುತ್ತದೆ.

ಬೇಕಾದದ್ದು: ವೆನಿಲಿನ್ 1.52 ಗ್ರಾಂ (10 ಮಿಲಿಮೋಲ್), ಒಂದು ಮೋಲಾರ್ ಸೋಡಿಯಂ ಹೈಡ್ರಾಕ್ಸೈಡ್ 12 ಮಿ.ಲೀ., ಸೋಡಿಯಂ ಬೋರೋಹೈಡ್ರೈಡ್ 0.23 ಗ್ರಾಂ, ಎರಡು ಮೋಲಾರ್ ಹೈಡ್ರೋಕ್ಲೋರಿಕ್ ಆಮ್ಲ ಸುಮಾರು 15 ಮಿ.ಲೀ., ಮತ್ತು ಸಾಕಷ್ಟು ಐಸ್. ಐಸ್ ಮಷೀನ್ ಇಲ್ಲದಿದ್ದರೆ ಹಿಂದಿನ ದಿನವೇ ಫ್ರಿಜ್‌ನಲ್ಲಿ ಟ್ರೇ ತುಂಬಿಡಿ. ಏಪ್ರಿಲ್‌ನಲ್ಲಿ ಮಾಡುವುದಾದರೆ ಎರಡರಷ್ಟು ಇರಲಿ.

ವೆನಿಲಿನ್‌ಗೆ ಲೆಕ್ಕದ ಪ್ರಕಾರ ಬೇಕಾದ ಬೋರೋಹೈಡ್ರೈಡ್ 0.095 ಗ್ರಾಂ ಮಾತ್ರ. ನಾವು ಎರಡೂವರೆ ಪಟ್ಟಿಗಿಂತ ಸ್ವಲ್ಪ ಕಡಿಮೆ ಹಾಕುತ್ತಿದ್ದೇವೆ.

ಮೊದಲು 100 ಮಿ.ಲೀ. ಕೋನಿಕಲ್ ಫ್ಲಾಸ್ಕ್ ತೆಗೆದುಕೊಳ್ಳಿ. ಒಟ್ಟು ದ್ರವ ಇಷ್ಟು ಕಡಿಮೆ ಇರುವಾಗ ಇಷ್ಟು ದೊಡ್ಡದು ಯಾಕೆ ಅಂತ ಮಕ್ಕಳು ಕೇಳುತ್ತಾರೆ. ಹಾಲು ಕಾಯಿಸುವವರಿಗೆ ಗೊತ್ತು, ಪಾತ್ರೆಯಲ್ಲಿ ಉಕ್ಕುವುದಕ್ಕೂ ಜಾಗ ಬಿಟ್ಟಿರಬೇಕು. ವೆನಿಲಿನ್ ಹಾಕಿ, ಸೋಡಿಯಂ ಹೈಡ್ರಾಕ್ಸೈಡ್ ದ್ರಾವಣ ಹಾಕಿ ಕಲಕಿ. ಪೂರ್ತಿ ಕರಗಿ ಗಾಢ ಹಳದಿ ಬರುತ್ತದೆ. ವೆನಿಲಿನ್‌ನಲ್ಲಿರುವ ಫೀನಾಲ್ ಗುಂಪು ಕ್ಷಾರದ ಜೊತೆ ಸೇರಿ ಲವಣವಾದ ಬಣ್ಣ ಅದು.

ಇಲ್ಲಿ ಕ್ಷಾರ ಎರಡು ಕೆಲಸ ಮಾಡುತ್ತದೆ. ವೆನಿಲಿನ್ ಕರಗಿಸುತ್ತದೆ. ಬೋರೋಹೈಡ್ರೈಡನ್ನು ನೀರಿನಿಂದ ಕಾಪಾಡುತ್ತದೆ. ಈ ಪುಡಿ ಸಾದಾ ನೀರಿನಲ್ಲಿ ಮೆಲ್ಲಗೆ ಒಡೆಯುತ್ತದೆ, ಆಮ್ಲದಲ್ಲಿ ತಕ್ಷಣ ಒಡೆಯುತ್ತದೆ, ಗಟ್ಟಿ ಕ್ಷಾರದಲ್ಲಿ ತಿಂಗಳುಗಟ್ಟಲೆ ಇರುತ್ತದೆ. ಕಾರ್ಖಾನೆಗಳಿಗೆ ಇದು ಸಾಗುವುದೂ ಶೇಕಡಾ 12ರ ಬೋರೋಹೈಡ್ರೈಡ್, ಶೇಕಡಾ 40ರ ಕಾಸ್ಟಿಕ್ ಸೋಡಾ ಇರುವ ದ್ರಾವಣವಾಗಿಯೇ.

ಫ್ಲಾಸ್ಕ್ ಅನ್ನು ಐಸ್ ನೀರಿನಲ್ಲಿ ಇಟ್ಟು 10 ಡಿಗ್ರಿಗೆ ಇಳಿಸಿ. ಈಗ ಬೋರೋಹೈಡ್ರೈಡನ್ನು ನಾಲ್ಕೈದು ಪಾಲು ಮಾಡಿ, ಒಂದೊಂದು ಪಾಲಿಗೂ ಒಂದು ನಿಮಿಷ ಬಿಟ್ಟು, ಕಲಕುತ್ತಾ ಹಾಕಿ. ಉಷ್ಣತೆ 20 ದಾಟದಿರಲಿ. ದಾಟಿದರೆ ಸುಮ್ನೆ ನಿಲ್ಲಿಸಿ, ಇಳಿಯಲಿ. ಅವಸರ ಏನೂ ಇಲ್ಲ. ಎಲ್ಲ ಹಾಕಿದ ಮೇಲೆ ಐಸ್‌ನಿಂದ ತೆಗೆದು ಕೋಣೆಯ ಉಷ್ಣತೆಯಲ್ಲಿ ಅರ್ಧ ಗಂಟೆ ಕಲಕಿ. ಹಳದಿ ತೆಳುವಾಗುತ್ತಾ ಬರುತ್ತದೆ. ಫ್ಲಾಸ್ಕ್‌ಗೆ ಬಿಗಿಯಾಗಿ ಕಾರ್ಕ್ ಹಾಕಬೇಡಿ, ಒಂದು ವಾಚ್ ಗ್ಲಾಸ್ ಮುಚ್ಚಿದರೆ ಸಾಕು.

ಮುಗಿಯಿತಾ ಅಂತ ನೋಡಲು ನೇರವಾಗಿ ಟಿಎಲ್‌ಸಿ (ತೆಳು ಪದರದ ಕ್ರೊಮ್ಯಾಟೋಗ್ರಫಿ) ಹಾಕಿದರೆ ಚುಕ್ಕೆ ಎಳೆದುಕೊಂಡು ಹೋಗಿ ಏನೂ ತಿಳಿಯುವುದಿಲ್ಲ. ಕ್ಷಾರ, ಬೋರೇಟ್ ಎರಡೂ ತೊಂದರೆ ಕೊಡುತ್ತವೆ. ಎರಡು ಹನಿ ತೆಗೆದು ಚಿಕ್ಕ ವಯಲ್‌ಗೆ ಹಾಕಿ, ಗ್ಯಾಸ್ ನಿಲ್ಲುವವರೆಗೆ ಹನಿ ಹನಿ ದುರ್ಬಲ ಆಮ್ಲ ಹಾಕಿ, ಅರ್ಧ ಮಿ.ಲೀ. ಈಥೈಲ್ ಅಸಿಟೇಟ್ ಸೇರಿಸಿ ಅಲುಗಿಸಿ. ಮೇಲಿನ ಪದರದಿಂದ ಚುಕ್ಕೆ ಇಡಿ. ಪಕ್ಕದಲ್ಲಿ ಶುದ್ಧ ವೆನಿಲಿನ್ ಚುಕ್ಕೆಯೂ ಇರಲಿ. ಹೆಕ್ಸೇನ್ ಮತ್ತು ಈಥೈಲ್ ಅಸಿಟೇಟ್ ಸಮಪಾಲು ಸಾಕು. ವೆನಿಲಿನ್ ಮೇಲೆ ಓಡುತ್ತದೆ, ಆಲ್ಕೋಹಾಲ್ ಕೆಳಗೆ ನಿಲ್ಲುತ್ತದೆ. ಯುವಿ ದೀಪ ಇಲ್ಲದವರು ಅಯೋಡಿನ್ ಜಾಡಿಯಲ್ಲಿ ಇಟ್ಟು ನೋಡಿ. ಅದೂ ಇಲ್ಲದಿದ್ದರೆ 2,4-ಡಿಎನ್‌ಪಿ ಪರೀಕ್ಷೆ: ಕಿತ್ತಳೆ ಬಣ್ಣದ ಗಸಿ ಬಂದರೆ ಇನ್ನೂ ಆಲ್ಡಿಹೈಡ್ ಉಳಿದಿದೆ.

ಆಮ್ಲ ಹಾಕುವ ಹಂತ

ಇಲ್ಲಿ ನಿಧಾನಿಸಿ ಓದಿ.

ಫ್ಲಾಸ್ಕ್‌ನಲ್ಲಿ ಈಗ ಸುಮಾರು 0.13 ಗ್ರಾಂ ಬೋರೋಹೈಡ್ರೈಡ್ ಉಳಿದಿದೆ. ಕ್ಷಾರ ಇರುವುದರಿಂದ ಅದು ಸದ್ದಿಲ್ಲದೆ ಕೂತಿದೆ. ನೋಡಿದರೆ ತಿಳಿನೀರಿನ ಹಾಗೆ. ಆಮ್ಲ ಬಿದ್ದ ಕೂಡಲೇ ಅದು ಬಿಡುವ ಹೈಡ್ರೋಜನ್ ನಮ್ಮ ಎತ್ತರದಲ್ಲಿ ಸುಮಾರು 380 ಮಿ.ಲೀ. ಅಂದರೆ ಫ್ಲಾಸ್ಕ್‌ನ ಸುಮಾರು ನಾಲ್ಕು ಪಟ್ಟು. ಒಬ್ಬ ವಿದ್ಯಾರ್ಥಿನಿ ಒಮ್ಮೆ ಹತ್ತು ಮಿ.ಲೀ. ಆಮ್ಲವನ್ನು ಒಂದೇ ಸಲ ಸುರಿದಳು. ನೊರೆ ಫ್ಲಾಸ್ಕ್‌ನ ಬಾಯಿ ದಾಟಿ ಮೇಜಿನ ಮೇಲೆ ಹರಿಯಿತು. ಕನ್ನಡಕ ಹಾಕಿದ್ದಳು, ಬರ್ನರ್ ಆರಿತ್ತು, ಹಾಗಾಗಿ ಹೋದದ್ದು ಅವಳ ಉತ್ಪನ್ನ ಮಾತ್ರ.

ಮಾಡುವ ಕ್ರಮ ಹೀಗೆ. ಫ್ಲಾಸ್ಕ್ ಮತ್ತೆ ಐಸ್‌ಗೆ. ಡ್ರಾಪರ್‌ನಿಂದ ಎರಡು ಮೋಲಾರ್ ಆಮ್ಲ ಒಂದು ಹನಿ. ಕಲಕಿ. ನೊರೆ ಇಳಿಯಲಿ. ಇನ್ನೊಂದು ಹನಿ. ಮೊದಲ ಕೆಲವು ಮಿ.ಲೀ. ಕ್ಷಾರವನ್ನು ಕೊಲ್ಲಲು ಹೋಗುತ್ತದೆ, ಆಗ ಅಷ್ಟೇನೂ ಗ್ಯಾಸ್ ಕಾಣುವುದಿಲ್ಲ. ಇಲ್ಲೇ ಎಲ್ಲರೂ ಮೋಸ ಹೋಗುವುದು. ಏನೂ ಆಗುತ್ತಿಲ್ಲ ಅಂತ ವೇಗ ಹೆಚ್ಚಿಸುತ್ತಾರೆ. ಕ್ಷಾರ ಮುಗಿಯುತ್ತಿದ್ದ ಹಾಗೆ ಒಮ್ಮೆಲೇ ಉಕ್ಕುತ್ತದೆ. ಮೊದಲ ಹನಿಯ ವೇಗವೇ ಕೊನೆಯ ಹನಿಯವರೆಗೂ ಇರಲಿ. ಒಟ್ಟು ಹತ್ತು ಮಿ.ಲೀ. ಆಸುಪಾಸು ಬೇಕಾಗುತ್ತದೆ, ಇಪ್ಪತ್ತು ನಿಮಿಷ ಹಿಡಿಯುತ್ತದೆ.

ಪಿಎಚ್ ಕಾಗದದಲ್ಲಿ 5ರ ಹತ್ತಿರ ಬಂದಾಗ ನಿಲ್ಲಿಸಿ. ಇನ್ನೂ ಆಮ್ಲ ಹಾಕಿದರೆ ಒಳ್ಳೆಯದು ಅಂತ ಅನ್ನಿಸಬಹುದು, ಬೇಡ. ವೆನಿಲೈಲ್ ಆಲ್ಕೋಹಾಲ್ ಜಾಸ್ತಿ ಆಮ್ಲದಲ್ಲಿ, ಅದರಲ್ಲೂ ಬಿಸಿಯಾದರೆ, ಒಂದಕ್ಕೊಂದು ಅಂಟಿಕೊಂಡು ಅಂಟು ಮುದ್ದೆಯಾಗುತ್ತದೆ. ಬಿಳಿ ಹರಳಿನ ಬದಲು ಕಂದು ಗಸಿ ಬಂದರೆ ಕಾರಣ ಬಹುತೇಕ ಇದೇ.

ಹರಳು ಬರಲು ತಡವಾದರೆ ಗಾಜಿನ ಕಡ್ಡಿಯಿಂದ ಫ್ಲಾಸ್ಕ್‌ನ ಒಳಗೋಡೆ ಕೆರೆಯಿರಿ. ಐಸ್‌ನಲ್ಲಿ 15 ನಿಮಿಷ ಬಿಡಿ. ಬುಕ್ನರ್ ಫನೆಲ್‌ನಲ್ಲಿ ಸೋಸಿ. ತೊಳೆಯಲು ಐಸ್ ನೀರು ಎರಡು ಮೂರು ಮಿ.ಲೀ. ಮಾತ್ರ, ಎರಡು ಸಲ. ಈ ಆಲ್ಕೋಹಾಲ್ ನೀರಿನಲ್ಲಿ ಸ್ವಲ್ಪ ಕರಗುತ್ತದೆ, ಜಾಸ್ತಿ ತೊಳೆದರೆ ಇಳುವರಿಯೇ ತೊಳೆದುಹೋಗುತ್ತದೆ. ಫಿಲ್ಟರ್ ಕಾಗದಗಳ ನಡುವೆ ಒತ್ತಿ, ರಾತ್ರಿ ಡೆಸಿಕೇಟರ್‌ನಲ್ಲಿ ಇಡಿ.

ಮರುದಿನ ತೂಗಿ. ಪೂರ್ತಿ ಬಂದರೆ 1.54 ಗ್ರಾಂ. ಒಂದು ಗ್ರಾಂ ದಾಟಿದರೆ ಕೈ ಚೆನ್ನಾಗಿದೆ. ಕರಗುವ ಬಿಂದು 113ರಿಂದ 115 ಡಿಗ್ರಿ ಇರಬೇಕು. ವೆನಿಲಿನ್‌ನದು 81ರಿಂದ 83. ನಡುವೆ ಎಲ್ಲೋ ಮೆತ್ತಗಾಗಿ ಹತ್ತು ಡಿಗ್ರಿವರೆಗೆ ಎಳೆದರೆ ಎರಡೂ ಬೆರೆತಿವೆ, ಅಥವಾ ಇನ್ನೂ ಒದ್ದೆ ಇದೆ. ಈಥೈಲ್ ಅಸಿಟೇಟ್‌ನಲ್ಲಿ ಮತ್ತೆ ಹರಳು ಮಾಡಿದರೆ ಸರಿಹೋಗುತ್ತದೆ.

ಆಲ್ಕೋಹಾಲ್ ದ್ರಾವಕ ಇರುವವರಿಗೆ

ಬೆಂಜೋಫಿನೋನ್ ಅನ್ನುವ ಕೀಟೋನ್ ನೀರಿನಲ್ಲಿ ಕರಗುವುದಿಲ್ಲ. ಅದಕ್ಕೆ 1.82 ಗ್ರಾಂ ತೆಗೆದುಕೊಂಡು 20 ಮಿ.ಲೀ. ಎಥನಾಲ್‌ನಲ್ಲಿ ಕರಗಿಸಿ, 0.19 ಗ್ರಾಂ ಬೋರೋಹೈಡ್ರೈಡ್ ಹಾಕಿ ಒಂದು ಗಂಟೆ ಕಲಕಿ. ಮೆಥನಾಲ್ ಆದರೆ 0.28 ಗ್ರಾಂ. ಮೆಥನಾಲ್ ಈ ಪುಡಿಯನ್ನು ಬೇಗ ತಿನ್ನುತ್ತದೆ, ಎಥನಾಲ್ ನಿಧಾನ, ಐಸೋಪ್ರೊಪನಾಲ್ ಇನ್ನೂ ನಿಧಾನ. ಕೊನೆಯಲ್ಲಿ ಐಸ್‌ನಲ್ಲಿಟ್ಟು ಮೊದಲು ಒಂದೆರಡು ಮಿ.ಲೀ. ಅಸಿಟೋನ್ ಹನಿ ಹನಿ ಹಾಕಿ. ಷಿಕಾಗೋದ ಅದೇ ರಿಯಾಕ್ಷನ್: ಉಳಿದ ಹೈಡ್ರೈಡನ್ನು ಅಸಿಟೋನ್ ಗ್ಯಾಸ್ ಇಲ್ಲದೆ ಮುಗಿಸುತ್ತದೆ. ಆಮೇಲೆ ದುರ್ಬಲ ಆಮ್ಲ, ಆಮೇಲೆ 30 ಮಿ.ಲೀ. ನೀರು. ಇದರಿಂದ ಆದ ಆಲ್ಕೋಹಾಲ್, ಅಂದರೆ ಬೆಂಜ್‌ಹೈಡ್ರಾಲ್, ಬಿಳಿಯಾಗಿ ಕೆಳಗೆ ಬೀಳುತ್ತದೆ. ಕರಗುವ ಬಿಂದು 65ರಿಂದ 67 ಡಿಗ್ರಿ. ಮೂಲ ವಸ್ತುವಿನದು 48ರ ಹತ್ತಿರ. ನೀರು ಹಾಕಿದರೆ ಉಳಿದ ಬೆಂಜೋಫಿನೋನ್ ಕೂಡ ಬಿಳಿಯಾಗೇ ಬೀಳುವುದರಿಂದ ಕಣ್ಣನ್ನು ನಂಬಬೇಡಿ, ಕರಗುವ ಬಿಂದು ನೋಡಿ. ಐಆರ್ (ಇನ್‌ಫ್ರಾರೆಡ್) ಉಪಕರಣ ಇದ್ದರೆ 1660 cm⁻¹ ಹತ್ತಿರದ ಕಾರ್ಬೊನಿಲ್ ಗೆರೆ ಹೋಗಿ 3300ರ ಆಸುಪಾಸು ಅಗಲದ ಗೆರೆ ಬಂದಿರುತ್ತದೆ.

ಯಾವ ಕೆಲಸಕ್ಕೆ ಯಾವ ಬೋರೋಹೈಡ್ರೈಡ್?

ಸೋಡಿಯಂನದು ಆಲ್ಡಿಹೈಡ್, ಕೀಟೋನ್‌ಗಳನ್ನು ಮುಟ್ಟುತ್ತದೆ. ಎಸ್ಟರ್, ಅಮೈಡ್, ಕಾರ್ಬಾಕ್ಸಿಲಿಕ್ ಆಮ್ಲ, ನೈಟ್ರೋ ಗುಂಪುಗಳನ್ನು ಸಾಮಾನ್ಯವಾಗಿ ಹಾಗೇ ಬಿಡುತ್ತದೆ. ಹಾಗಾಗಿ ಮೆಟಾ ನೈಟ್ರೋಬೆಂಜಾಲ್ಡಿಹೈಡ್ ಕೊಟ್ಟರೆ ನೈಟ್ರೋ ಉಳಿಸಿಕೊಂಡು ಆಲ್ಕೋಹಾಲ್ ಕೊಡುತ್ತದೆ. ಲಿಥಿಯಂ ಅಲ್ಯುಮಿನಿಯಂ ಹೈಡ್ರೈಡ್ ಹಾಕಿದರೆ ಎಲ್ಲವನ್ನೂ ಮುಟ್ಟುತ್ತದೆ, ಜೊತೆಗೆ ನೀರಿನ ಒಂದು ಹನಿಗೂ ಸಿಡಿಯುತ್ತದೆ.

ಸೋಡಿಯಂ ಬದಲು ಲಿಥಿಯಂ ಬೋರೋಹೈಡ್ರೈಡ್ ಆದರೆ ಎಸ್ಟರ್‌ಗೂ ಕೈ ಹಾಕುತ್ತದೆ. ಪುಟ್ಟ ಲಿಥಿಯಂ ಅಯಾನು ಕಾರ್ಬೊನಿಲ್‌ನ ಆಮ್ಲಜನಕವನ್ನು ಬಿಗಿಯಾಗಿ ಹಿಡಿದು ಕಾರ್ಬನ್ ಅನ್ನು ಇನ್ನಷ್ಟು ಹಸಿದಂತೆ ಮಾಡುವುದೇ ಕಾರಣ.

ಕಾರ್ಬೊನಿಲ್ ಪಕ್ಕದಲ್ಲೇ ಜೋಡಿ ಬಂಧ ಇದ್ದರೆ ಸಾದಾ ಬೋರೋಹೈಡ್ರೈಡ್ ಎರಡನ್ನೂ ಕೆಡಿಸಿ ಮಿಶ್ರಣ ಕೊಡುತ್ತದೆ. ಅಲ್ಲಿ ಮೆಥನಾಲ್‌ನಲ್ಲಿ ಸೀರಿಯಂ ಕ್ಲೋರೈಡ್ ಸೇರಿಸಿದರೆ ಕಾರ್ಬೊನಿಲ್ ಮಾತ್ರ ಆಲ್ಕೋಹಾಲ್ ಆಗುತ್ತದೆ. ಫ್ರಾನ್ಸಿನ ಲೂಷ್ 1978ರಲ್ಲಿ ತೋರಿಸಿದ್ದು ಇದು, ಅವರ ಹೆಸರಿನಲ್ಲೇ ಕರೆಯುತ್ತಾರೆ. ನನ್ನ ಮಟ್ಟಿಗೆ ಎಂಎಸ್ಸಿ ಪ್ರಾಜೆಕ್ಟ್‌ಗೆ ಇದಕ್ಕಿಂತ ಒಳ್ಳೆಯ ವಿಷಯ ಕಡಿಮೆ.

ಬೋರಾನ್ ಮೇಲೆ ದೊಡ್ಡ ಗುಂಪುಗಳನ್ನು ಕೂರಿಸಿದರೆ ಹೈಡ್ರೈಡ್ ಬರುವ ದಿಕ್ಕೇ ಬದಲಾಗುತ್ತದೆ. 4-ಟರ್ಷಿಯರಿ ಬ್ಯುಟೈಲ್ ಸೈಕ್ಲೋಹೆಕ್ಸನೋನ್‌ಗೆ ಸಾದಾ ಬೋರೋಹೈಡ್ರೈಡ್ ಬಹುಪಾಲು ಟ್ರಾನ್ಸ್ ಆಲ್ಕೋಹಾಲ್ (ಎರಡು ಗುಂಪುಗಳು ಉಂಗುರದ ಎದುರುಬದುರು ಬದಿಗಳಲ್ಲಿ) ಕೊಟ್ಟರೆ, ಅಂಥ ದೊಡ್ಡ ಗುಂಪುಗಳಿರುವ ಎಲ್-ಸೆಲೆಕ್ಟ್ರೈಡ್ ಬಹುಪಾಲು ಸಿಸ್ (ಎರಡೂ ಒಂದೇ ಬದಿಯಲ್ಲಿ) ಕೊಡುತ್ತದೆ. ಸಯನೋಬೋರೋಹೈಡ್ರೈಡ್ ಪಿಎಚ್ 6-7ರಲ್ಲಿ ಕಾರ್ಬೊನಿಲ್ ಬಿಟ್ಟು ಇಮೀನ್ ಗುಂಪನ್ನೇ (ಕಾರ್ಬನ್-ನೈಟ್ರೋಜನ್ ಜೋಡಿ ಬಂಧ) ಆರಿಸಿಕೊಳ್ಳುತ್ತದೆ. ಆದರೆ ಅದಕ್ಕೆ ಆಮ್ಲ ಬಿದ್ದರೆ ಸಯನೈಡ್ ಅನಿಲ. ನಮ್ಮಂಥ ಲ್ಯಾಬ್‌ಗಳಿಗೆ ಅದು ಬೇಡವೇ ಬೇಡ.

ನಮ್ಮ ಕಡೆಗೆ ಹತ್ತಿರವಾದ ಇನ್ನೊಂದು ಬಳಕೆ ನೀರಿನ ಪರೀಕ್ಷೆ. ಬೋರ್‌ವೆಲ್ ನೀರನ್ನೇ ನಂಬಿದ ಕೋಲಾರ, ಚಿಕ್ಕಬಳ್ಳಾಪುರದಲ್ಲಿ ಫ್ಲೋರೈಡ್ ಮಾತು ಎಲ್ಲರಿಗೂ ಗೊತ್ತು. ಆದರೆ ಈ ಪುಡಿ ಕೆಲಸಕ್ಕೆ ಬರುವುದು ಆರ್ಸೆನಿಕ್ ಪರೀಕ್ಷೆಯಲ್ಲಿ. ನೀರಿನಲ್ಲಿ ಆರ್ಸೆನಿಕ್ ಇದೆಯೇ ಅಂತ ನೋಡುವಾಗ ಆಮ್ಲ ಹಾಕಿದ ನೀರಿಗೆ ಬೋರೋಹೈಡ್ರೈಡ್ ಪಂಪ್ ಮಾಡುತ್ತಾರೆ. ಆರ್ಸೆನಿಕ್ ಆರ್ಸೀನ್ ಅನಿಲವಾಗಿ ಎದ್ದು ಉಪಕರಣದ ಒಳಗೆ ಹೋಗುತ್ತದೆ. ಲೀಟರಿಗೆ 10 ಮೈಕ್ರೋಗ್ರಾಂ ಎಂಬ ಕುಡಿಯುವ ನೀರಿನ ಮಿತಿಯನ್ನು ಅಳೆಯಲು ಸಾಧ್ಯವಾಗುವುದು ಹೀಗೆ. ಆರ್ಸೀನ್ ಘೋರ ವಿಷ. ಆ ಉಪಕರಣದ ಹೊರಗೆ ಇದನ್ನು ಯಾರೂ ಮಾಡಕೂಡದು.

ಬಿಎಸ್ಸಿ ಮಕ್ಕಳಿಗೆ: ಹಳದಿ ಬೆಳ್ಳಿ

ಇದನ್ನು ನೋಡಿದ ಮಕ್ಕಳ ಮುಖ ಅರಳುವುದನ್ನು ಪ್ರತಿ ಸಲವೂ ಕಂಡಿದ್ದೇನೆ. ಬೆಳ್ಳಿ ಬಿಳಿ ಅಂತ ತಿಳಿದವರಿಗೆ ನಿಂಬೆ ಹಳದಿ ಬೆಳ್ಳಿ.

17 ಮಿಲಿಗ್ರಾಂ ಸಿಲ್ವರ್ ನೈಟ್ರೇಟ್ 100 ಮಿ.ಲೀ. ಡಿಸ್ಟಿಲ್ಡ್ ನೀರಿನಲ್ಲಿ ಕರಗಿಸಿ. ಬೋರೋಹೈಡ್ರೈಡ್ 100 ಮಿ.ಲೀ.ಗೆ 7.6 ಮಿಲಿಗ್ರಾಂ ಸಾಕು. ಅಷ್ಟು ಚಿಕ್ಕದನ್ನು ನಮ್ಮ ತಕ್ಕಡಿ ತೂಗುವುದಿಲ್ಲ. 76 ಮಿಲಿಗ್ರಾಂ ತೂಗಿ 100 ಮಿ.ಲೀ. ಮಾಡಿ, ಅದರಲ್ಲಿ 10 ಮಿ.ಲೀ. ತೆಗೆದು ಮತ್ತೆ 100 ಮಾಡಿ. ನೀರು ಐಸ್‌ನಷ್ಟು ತಣ್ಣಗಿರಲಿ, ಮಾಡಿದ ಕೂಡಲೇ ಬಳಸಿ. ಇದರಲ್ಲಿ 30 ಮಿ.ಲೀ.ಯನ್ನು ಐಸ್‌ನಲ್ಲಿಟ್ಟು ಕಲಕುತ್ತಾ, 10 ಮಿ.ಲೀ. ಸಿಲ್ವರ್ ನೈಟ್ರೇಟ್ ಅನ್ನು ಸೆಕೆಂಡಿಗೆ ಒಂದು ಹನಿಯಂತೆ ಹಾಕಿ. ತೆಳು ಹಳದಿ, ಆಮೇಲೆ ಹೊಳೆಯುವ ಹಳದಿ. ಕೊನೆಯ ಹನಿ ಬಿದ್ದ ಕೂಡಲೇ ಕಲಕುವುದು ನಿಲ್ಲಿಸಿ. ಮುಂದುವರಿಸಿದರೆ ಕಣಗಳು ಗುಂಪುಗೂಡಿ ಬೂದು ಬಣ್ಣಕ್ಕೆ ತಿರುಗುತ್ತದೆ. ಯುವಿ-ವಿಸಿಬಲ್‌ನಲ್ಲಿ 400 ನ್ಯಾನೋಮೀಟರ್ ಹತ್ತಿರ ಒಂದು ಶಿಖರ ಸಿಗುತ್ತದೆ. ಲೇಸರ್ ಪಾಯಿಂಟರ್ ಬಿಟ್ಟರೆ ಬೆಳಕಿನ ದಾರಿ ಕಾಣುತ್ತದೆ. ಒಂದು ಚೂರು ಉಪ್ಪು ಹಾಕಿದರೆ ಹಳದಿ ಹೊರಟುಹೋಗುತ್ತದೆ.

ನಲ್ಲಿಯ ನೀರು ಬಳಸಿದರೆ ಮೊದಲ ಹನಿಗೇ ಹಾಲಿನ ಹಾಗೆ ಕದಡುತ್ತದೆ. ನಮ್ಮ ಬೋರ್‌ವೆಲ್ ನೀರಿನ ಕ್ಲೋರೈಡ್ ಬೆಳ್ಳಿಯನ್ನು ಹಿಡಿದುಬಿಡುತ್ತದೆ. ಗಾಜಿನ ಪಾತ್ರೆಗಳನ್ನೂ ಕೊನೆಗೆ ಡಿಸ್ಟಿಲ್ಡ್ ನೀರಿನಲ್ಲೇ ಗಲಬರಿಸಿ.

ಉಳಿದದ್ದನ್ನು ಏನು ಮಾಡಬೇಕು?

ನಾನು ಓದುತ್ತಿದ್ದ ಕಾಲದಲ್ಲಿ ನಮ್ಮ ಲ್ಯಾಬ್‌ನಲ್ಲಿ ಒಂದು ಸಂಜೆ ರಿಯಾಕ್ಷನ್ ಮುಗಿದ ದ್ರವವನ್ನು ತ್ಯಾಜ್ಯದ ಬಾಟಲಿಗೆ ಸುರಿದು ಬಿಗಿಯಾಗಿ ಮುಚ್ಚಿ ಮನೆಗೆ ಹೋದೆವು. ಗುಳ್ಳೆ ನಿಂತಿತ್ತು, ಎಲ್ಲ ಸರಿ ಅಂದುಕೊಂಡಿದ್ದೆವು. ಬೆಳಿಗ್ಗೆ ಬಂದು ಕಪಾಟು ತೆರೆದರೆ ಬಾಟಲಿ ಚೂರು ಚೂರು. ರಾತ್ರಿಯಾದ್ದರಿಂದ ಹತ್ತಿರ ಯಾರೂ ಇರಲಿಲ್ಲ. ಕ್ಷಾರದಲ್ಲಿ ಉಳಿದಿದ್ದ ಬೋರೋಹೈಡ್ರೈಡ್ ಆ ಬಾಟಲಿಯಲ್ಲಿ ಮೊದಲೇ ಇದ್ದ ಆಮ್ಲದ ಜೊತೆ ರಾತ್ರಿಯೆಲ್ಲ ಗ್ಯಾಸ್ ಬಿಟ್ಟಿತ್ತು.

ಅಂದಿನಿಂದ ನನ್ನ ಕ್ರಮ ಇದು. ಉಳಿದ ದ್ರಾವಣವನ್ನು ಅಗಲ ಬಾಯಿಯ ಬೀಕರ್‌ಗೆ ಹಾಕಿ, ಐಸ್‌ನಲ್ಲಿಟ್ಟು, ಗ್ಯಾಸ್ ನಿಲ್ಲುವವರೆಗೆ ಹನಿ ಹನಿ ದುರ್ಬಲ ಆಮ್ಲ. ಪಿಎಚ್ 5 ಬಂದು, ಇನ್ನೊಂದು ಹನಿಗೂ ಗುಳ್ಳೆ ಬರದಿದ್ದರೆ ಮಾತ್ರ ಮುಗಿದಂತೆ. ಆಮೇಲೂ ಒಂದು ರಾತ್ರಿ ಹುಡ್‌ನಲ್ಲಿ ಬಾಯಿ ತೆರೆದಿಡಿ. ಮರುದಿನ ತಟಸ್ಥ ಮಾಡಿ ತ್ಯಾಜ್ಯದ ಬಾಟಲಿಗೆ. ಬೆಳ್ಳಿಯ ದ್ರಾವಣಕ್ಕೆ ಬೇರೆಯೇ ಬಾಟಲಿ.

ಪುಡಿ ತೂಗಿದ ಕಾಗದ, ಒರೆಸಿದ ಟಿಶ್ಯೂ ಇವನ್ನು ಕಸದ ಬುಟ್ಟಿಗೆ ಎಸೆಯಬೇಡಿ. ಒದ್ದೆ ಕಸದ ಮೇಲೆ ಬಿದ್ದರೆ ಹೊತ್ತಿಕೊಳ್ಳಬಹುದು. ಒಂದು ಟ್ರೇಯಲ್ಲಿ ಸಾಕಷ್ಟು ನೀರು ತೆಗೆದು ಅದರಲ್ಲಿ ಮುಳುಗಿಸಿ, ಮರುದಿನ ತೆಗೆಯಿರಿ. ಖಾಲಿ ವಯಲ್‌ಗಳನ್ನೂ ಹಾಗೇ ಮಾಡಿ. ಸಿಂಕಿಗೆ ಒಯ್ಯುವ ಮೊದಲು ಪಕ್ಕದ ಮೇಜಿನವರು ಬರ್ನರ್ ಹಚ್ಚಿಲ್ಲ ಅಂತ ಮತ್ತೊಮ್ಮೆ ತಿರುಗಿ ನೋಡಿ.